ಗಣಿಯ ತಳದಿಂದ ಗಗನದ ಕ್ಷ-ಕಿರಣಗಳವರೆಗೆ: ಬಿ.ವಿ. ಶ್ರೀಕಂಠನ್ ಅವರ ಜೀವನ-ಸಾಧನೆ

ಸಾಹಿತ್ಯ ಸಮ್ಮೇಳನದ ಸ್ಮರಣ ಸಂಚಿಕೆಯೆಂದರೆ ಶಾಸನ, ದೇವಾಲಯ, ದಾಸಸಾಹಿತ್ಯ, ಏಕೀಕರಣದ ಹೋರಾಟ, ಇವುಗಳನ್ನು ಕುರಿತ ಲೇಖನಗಳು ಇರುವುದು ವಾಡಿಕೆ. ಮಂತ್ರಾಲಯದ ನೆರೆಯಲ್ಲಿರುವ ನಮ್ಮ ನಂದವರಂ, ಎಮ್ಮಿಗನೂರು, ಆದವಾನಿ ಸೀಮೆಯವರಿಗೆ ಅದು ಸಹಜವೂ ಹೌದು. ಆದರೆ ಕನ್ನಡಿಗರ ಚರಿತ್ರೆಯು ಅರಸರ ಮತ್ತು ಕವಿಗಳ ಚರಿತ್ರೆಗೆ ಮುಗಿಯುವುದಿಲ್ಲ. ಪ್ರಯೋಗಶಾಲೆಗಳಲ್ಲಿ ಆಯುಷ್ಯವನ್ನು ಸವೆಸಿದ ಕನ್ನಡಿಗರದೂ ಒಂದು ಚರಿತ್ರೆಯುಂಟು. ಅದನ್ನು ಕನ್ನಡದಲ್ಲಿ ಬರೆದವರು ಕಡಿಮೆ. ಮೂವತ್ತು ವರ್ಷಕ್ಕೂ ಮಿಕ್ಕಿ ಗಡಿನಾಡಿನ ಕನ್ನಡ ಮಾಧ್ಯಮದ ಮಕ್ಕಳಿಗೆ ಪಾಠ ಹೇಳಿದವನು ನಾನು. ಭಾರತದ ವಿಜ್ಞಾನಿಗಳ ಹೆಸರು ಹೇಳಿರೆಂದರೆ ಮಕ್ಕಳು ಸಿ.ವಿ. ರಾಮನ್, ಹೋಮಿ ಭಾಭಾ, ಅಬ್ದುಲ್ ಕಲಾಂ ಎನ್ನುತ್ತಿದ್ದರು. ಬಿ.ವಿ. ಶ್ರೀಕಂಠನ್ ಎಂಬ ಹೆಸರನ್ನು ಹೇಳಿದ ಒಂದು ಮಗುವನ್ನಾಗಲಿ, ಒಬ್ಬ ಉಪಾಧ್ಯಾಯರನ್ನಾಗಲಿ ನಾನು ಕಂಡಿಲ್ಲ. ಪಠ್ಯಪುಸ್ತಕದಲ್ಲಿ ಆ ಹೆಸರು ಇದ್ದರೆ ತಾನೆ!

ಶ್ರೀಕಂಠನ್ ಅವರು ಕ್ಷ-ಕಿರಣ ಖಗೋಳ ವಿಜ್ಞಾನಿ. ಕ್ಷ-ಕಿರಣವೆಂದರೆ ಎಕ್ಸ್-ರೇ. 1895ರಲ್ಲಿ ಜರ್ಮನಿಯ ರಂಟ್‌ಗನ್ ಕಂಡುಹಿಡಿದ ಆ ಕಿರಣಗಳನ್ನು ನಾವೆಲ್ಲ ಆಸ್ಪತ್ರೆಯಲ್ಲಿ ಮೂಳೆಯ ಚಿತ್ರವಾಗಿ ಬಲ್ಲೆವು. ಆಕಾಶಕ್ಕೂ ಅವಕ್ಕೂ ಏನು ಸಂಬಂಧವೆಂದು ಯಾರಾದರೂ ಕೇಳಬಹುದು. ಲಕ್ಷಾಂತರ, ಕೋಟ್ಯಂತರ ಡಿಗ್ರಿ ಶಾಖವಿರುವ ಅನಿಲವು ಬೆಳಕಿಗಿಂತ ಹೆಚ್ಚಾಗಿ ಕ್ಷ-ಕಿರಣಗಳನ್ನೇ ಸೂಸುತ್ತದೆ. ಹೀಗೆ ಸೂಸುವ ಕಾಯಗಳು ಆಕಾಶದಲ್ಲಿ ಬಹಳ. ಆದರೆ ಮೂಳೆಯನ್ನು ಬಿಟ್ಟು ಮಾಂಸವನ್ನು ದಾಟಿಹೋಗುವ ಈ ಕಿರಣಕ್ಕೆ ನಮ್ಮ ವಾಯುಮಂಡಲವನ್ನು ದಾಟಲು ಶಕ್ತಿ ಸಾಲದು. ಗಾಳಿಯ ಹೊದಿಕೆ ಅಷ್ಟು ದಪ್ಪ. ಆದ್ದರಿಂದ ಎಂತಹ ದೊಡ್ಡ ದೂರದರ್ಶಕವನ್ನು ಬೆಟ್ಟದ ಮೇಲಿಟ್ಟರೂ ಕ್ಷ-ಕಿರಣದ ಆಕಾಶ ಕಾಣುವುದಿಲ್ಲ. ಉಪಕರಣವನ್ನೇ ರಾಕೆಟ್ಟಿನಲ್ಲೋ ಬಲೂನಿನಲ್ಲೋ ಉಪಗ್ರಹದಲ್ಲೋ ಮೇಲಕ್ಕೆ ಕಳುಹಿಸಬೇಕು. ಹೀಗೆ ಮೇಲಕ್ಕೆ ಕಳುಹಿಸುವ ವಿದ್ಯೆಯನ್ನು ನಮ್ಮ ದೇಶಕ್ಕೆ ತಂದವರಲ್ಲಿ ಅಗ್ರಗಣ್ಯರಾದ ಶ್ರೀಕಂಠನ್ ಅವರು ತಮ್ಮ ವೃತ್ತಿಜೀವನವನ್ನು ಆರಂಭಿಸಿದ್ದು ಮಾತ್ರ ಭೂಮಿಯ ಒಳಗೆ, ಚಿನ್ನದ ಗಣಿಯಲ್ಲಿ.

ಬದನವಾಳು ವೆಂಕಟಸುಬ್ಬ ಶ್ರೀಕಂಠನ್ ಅವರು ಹುಟ್ಟಿದ್ದು 1925ರ ಜೂನ್ 30ರಂದು, ಮೈಸೂರಿನ ಸಮೀಪದ ನಂಜನಗೂಡಿನಲ್ಲಿ. ಆ ಊರಿನ ದೇವರು ನಂಜುಂಡೇಶ್ವರ. ಅವನಿಗೇ ಶ್ರೀಕಂಠೇಶ್ವರನೆಂದೂ ಹೆಸರು. ಹೆಸರಿನ ಮೊದಲಿರುವ ಬದನವಾಳು ಅದೇ ತಾಲ್ಲೂಕಿನ ಹಳ್ಳಿ, ಖಾದಿಗೆ ಪ್ರಸಿದ್ಧವಾದದ್ದು. ನಂಜನಗೂಡು, ಮೈಸೂರುಗಳಲ್ಲಿ ಓದಿ, ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಭೌತಶಾಸ್ತ್ರದ ಆನರ್ಸ್ ಪದವಿಯನ್ನೂ, 1947ರಲ್ಲಿ ನಿಸ್ತಂತು ವಿಷಯವನ್ನು ವಿಶೇಷವಾಗಿ ಅಭ್ಯಸಿಸಿ ಎಂ.ಎಸ್‌ಸಿ.ಯನ್ನೂ ಪಡೆದರು. ಈ ನಿಸ್ತಂತು ವಿದ್ಯೆ, ಎಂದರೆ ಇಂದಿನ ಎಲೆಕ್ಟ್ರಾನಿಕ್ಸ್, ಅವರ ಬದುಕಿನ ಗತಿಯನ್ನೇ ನಿರ್ಧರಿಸಿತೆಂದು ನನಗೆ ತೋರುತ್ತದೆ. ಕೆಲಕಾಲ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿದ್ದು, 1948ರಲ್ಲಿ ಮುಂಬಯಿಯ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯನ್ನು ಸೇರಿದರು. ಹೋಮಿ ಭಾಭಾ ಅವರು ಆ ಸಂಸ್ಥೆಯನ್ನು ಸ್ಥಾಪಿಸಿ ಆಗ ಮೂರೇ ವರ್ಷವಾಗಿತ್ತು. ಸಿದ್ಧ ಉಪಕರಣವನ್ನು ಕೊಂಡುತರುವ ಅನುಕೂಲ ದೇಶಕ್ಕಿರಲಿಲ್ಲ. ಎಣಿಕೆಯ ಮಂಡಲಗಳನ್ನು ತಾವೇ ಕೈಯಿಂದ ಕಟ್ಟಬಲ್ಲ ತರುಣನೇ ಭಾಭಾ ಅವರಿಗೆ ಬೇಕಾಗಿದ್ದ.

ಭಾಭಾ ಅವರ ಆಸಕ್ತಿ ವಿಶ್ವಕಿರಣಗಳಲ್ಲಿತ್ತು. ಹೊರ ಅವಕಾಶದಿಂದ ಹಗಲಿರುಳೂ ಭೂಮಿಯ ಮೇಲೆ ಸುರಿಯುವ ಕಣಗಳ ಮಳೆ ಇದು. ಅವು ವಾಯುಮಂಡಲದಲ್ಲಿ ಘರ್ಷಿಸಿದಾಗ ಹುಟ್ಟುವ ಮ್ಯೂಯಾನ್ ಎಂಬ ಕಣಗಳು ನಮ್ಮ ಅಂಗೈಯ ಮೂಲಕ ಸೆಕೆಂಡಿಗೆ ಒಂದೆರಡರಂತೆ ಹಾದುಹೋಗುತ್ತಲೇ ಇವೆ; ನಮಗೆ ಅದರ ಅರಿವಿಲ್ಲ. ಈ ಕಣಗಳು ನೆಲದೊಳಗೆ ಎಷ್ಟು ಆಳದವರೆಗೆ ನುಗ್ಗಬಲ್ಲವು? ಅದನ್ನು ಅಳೆದರೆ ಅವುಗಳ ಶಕ್ತಿಯ ಲೆಕ್ಕ ಸಿಗುತ್ತದೆ. ಅಳೆಯಲು ಆಳವಾದ ಗುಂಡಿ ಬೇಕು. ಜಗತ್ತಿನ ಅತ್ಯಂತ ಆಳವಾದ ಗಣಿಗಳಲ್ಲೊಂದು ಮೈಸೂರು ಸಂಸ್ಥಾನದಲ್ಲಿಯೇ, ಕೋಲಾರ ಚಿನ್ನದ ಗಣಿ ಪ್ರದೇಶದಲ್ಲಿಯೇ ಇತ್ತು. 1950ರ ದಶಕದ ಆದಿಯಲ್ಲಿ ಭಾಭಾ ಅವರು ಶ್ರೀಕಂಠನ್ ಅವರನ್ನು ಅಲ್ಲಿಗೆ ಕಳುಹಿಸಿದರು.

ನಮ್ಮ ಕಡೆಯವರಿಗೆ ಗಣಿಯೆಂದರೆ ಅಪರಿಚಿತವಲ್ಲ. ಹೊಳೆಯಾಚೆ ರಾಯಚೂರು ಜಿಲ್ಲೆಯಲ್ಲಿ ಹಟ್ಟಿಯ ಚಿನ್ನದ ಗಣಿಯಿದೆ. ಈಚೆ ನಮ್ಮ ಜಿಲ್ಲೆಯ ಜೊನ್ನಗಿರಿ, ತುಗ್ಗಲಿಯ ಹೊಲಗಳಲ್ಲಿ ಮುಂಗಾರಿನ ಮೊದಲ ಮಳೆ ಬಿದ್ದೊಡನೆ ಜನ ಗುಂಪುಗುಂಪಾಗಿ ಬಗ್ಗಿ ನೆಲ ನೋಡುತ್ತ ವಜ್ರ ಹುಡುಕುವುದನ್ನು ನಾವೆಲ್ಲ ಕಂಡಿದ್ದೇವೆ. ಆದರೆ ಕೋಲಾರದ ಗಣಿಯ ಮಾತೇ ಬೇರೆ. ಚಾಂಪಿಯನ್ ರೀಫ್ ಗಣಿಯ ತಳ 3 ಕಿ.ಮೀ.ಗೂ ಕೆಳಗೆ. ಅಲ್ಲಿ ಬಂಡೆಯ ಶಾಖವೇ 60 ಡಿಗ್ರಿ ಸೆಲ್ಸಿಯಸ್ ಮುಟ್ಟುತ್ತದೆ. ಮೇಲಿನ ಭಾರಕ್ಕೆ ಬಂಡೆಗಳು ಸಿಡಿಯುವ ಭಯ ಸದಾ ಇದ್ದೇ ಇರುತ್ತಿತ್ತು. ಶಿವನಸಮುದ್ರದಿಂದ 1902ರಲ್ಲಿ ಬಂದ ವಿದ್ಯುತ್ತು ಗಣಿಯ ಯಂತ್ರಗಳನ್ನು ನಡೆಸುತ್ತಿತ್ತು. ತಮಿಳು, ತೆಲುಗು, ಕನ್ನಡ ಮಾತನಾಡುವ ಕಾರ್ಮಿಕರು ಪಂಜರದಂತಹ ತೊಟ್ಟಿಲಲ್ಲಿ ಇಳಿದು ಚಿನ್ನ ಅಗೆಯುತ್ತಿದ್ದರು. ಅವರ ನಡುವೆ ಚಿನ್ನಕ್ಕೆ ಸಂಬಂಧವೇ ಇಲ್ಲದ ಗೈಗರ್ ನಳಿಗೆಗಳನ್ನೂ ಬ್ಯಾಟರಿಗಳನ್ನೂ ಹೊತ್ತುಕೊಂಡು ಇಪ್ಪತ್ತೈದು ವರ್ಷದ ನಂಜನಗೂಡಿನ ತರುಣ ಇಳಿದರು. ಭಾರತದಲ್ಲಿ ಭೂಗರ್ಭದ ಭೌತವಿಜ್ಞಾನ ಆರಂಭವಾದದ್ದು ಹೀಗೆ. ಬೇರೆ ಬೇರೆ ಆಳಗಳಲ್ಲಿ ಮ್ಯೂಯಾನ್‌ಗಳನ್ನು ಎಣಿಸಿದ ಈ ಅಳತೆಗಳೇ ಅವರ ಸಂಶೋಧನ ಪ್ರಬಂಧದ ವಸ್ತು; 1954ರಲ್ಲಿ ಮುಂಬಯಿ ವಿಶ್ವವಿದ್ಯಾನಿಲಯದಿಂದ ಪಿಎಚ್.ಡಿ. ಪದವಿ ಬಂತು.

ಇಲ್ಲಿ ಗಮನಿಸಬೇಕಾದ ಒಂದು ಅಂಶವಿದೆ. ಗಣಿಯ ಮೇಲಿರುವ ಬಂಡೆಯು ವಿಜ್ಞಾನಿಗೆ ಜರಡಿ. ಆಳಕ್ಕೆ ಹೋದಂತೆಲ್ಲ ವಿಶ್ವಕಿರಣಗಳ ಗದ್ದಲ ಕಡಿಮೆಯಾಗುತ್ತದೆ. 1960ರ ದಶಕದ ಆರಂಭದಲ್ಲಿ ಅವರ ಸಹೋದ್ಯೋಗಿಗಳು ಅತಿ ಆಳದಲ್ಲಿ ಉಪಕರಣವಿಟ್ಟು ಎರಡು ತಿಂಗಳು ಕಾದರೂ ಒಂದು ಮ್ಯೂಯಾನ್ ಕೂಡ ಬರಲಿಲ್ಲ. ಸಾಮಾನ್ಯರ ಕಣ್ಣಿಗೆ ಇದು ವಿಫಲ ಪ್ರಯೋಗ. ವಿಜ್ಞಾನಿಗಳಿಗೆ ಮಾತ್ರ ಇದೇ ಸುವಾರ್ತೆಯಾಯಿತು. ಇಷ್ಟು ನಿಶ್ಶಬ್ದವಾದ ಜಾಗ ಸಿಕ್ಕಿತೆಂದರೆ, ಬಂಡೆಯೂ ತಡೆಯಲಾರದ ನ್ಯೂಟ್ರಿನೋ ಎಂಬ ಕಣದ ಸದ್ದನ್ನು ಅಲ್ಲಿ ಕೇಳಬಹುದು! ಟಾಟಾ ಸಂಸ್ಥೆ, ಜಪಾನಿನ ಒಸಾಕ ಸಿಟಿ ವಿಶ್ವವಿದ್ಯಾನಿಲಯ, ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾನಿಲಯ, ಈ ಮೂರೂ ಕೂಡಿ ನೆಲದಿಂದ 2.3 ಕಿ.ಮೀ. ಕೆಳಗೆ ಉಪಕರಣಗಳನ್ನು ಹೂಡಿದವು. ವಾಯುಮಂಡಲದಲ್ಲಿ ಹುಟ್ಟಿದ ನ್ಯೂಟ್ರಿನೋಗಳ ಗುರುತುಗಳು 1965ರಲ್ಲಿ ದೊರೆತವು. ಅದೇ ವರ್ಷ ದಕ್ಷಿಣ ಆಫ್ರಿಕದ ಚಿನ್ನದ ಗಣಿಯೊಂದರಲ್ಲಿ ಫ್ರೆಡ್ರಿಕ್ ರೈನೆಸ್ ಅವರ ತಂಡವೂ ಇದೇ ಕಾರ್ಯದಲ್ಲಿ ತೊಡಗಿತ್ತು. ಘಟನೆಯನ್ನು ಮೊದಲು ಹಿಡಿದವರು ಅವರು. ಫಲಿತಾಂಶ ಮೊದಲು ಅಚ್ಚಾದದ್ದು ಕೋಲಾರದ್ದು, ಅದೂ 1965ರ ಆಗಸ್ಟ್ 15ರ ಸಂಚಿಕೆಯಲ್ಲಿ. ಅಂತರ ಕೇವಲ ಎರಡು ವಾರ. ಆ ಪ್ರಬಂಧದ ಕರ್ತೃಗಳ ಪಟ್ಟಿಯಲ್ಲಿ ಶ್ರೀಕಂಠನ್ ಅವರ ಹೆಸರಿದೆ.

ಈ ನಡುವೆ ಆಕಾಶದಲ್ಲಿ ಇನ್ನೊಂದು ಬಾಗಿಲು ತೆರೆದಿತ್ತು. 1962ರ ಜೂನ್ ತಿಂಗಳಲ್ಲಿ ಅಮೆರಿಕದಲ್ಲಿ ರಿಕಾರ್ಡೊ ಜಕೋನಿ, ಬ್ರೂನೊ ರೋಸಿ ಮೊದಲಾದವರು ಚಂದ್ರನಿಂದ ಕ್ಷ-ಕಿರಣ ಬರುವುದೇನೋ ನೋಡೋಣವೆಂದು ರಾಕೆಟ್ ಹಾರಿಸಿದರು. ಚಂದ್ರನ ಕಿರಣ ಸಿಗಲಿಲ್ಲ. ವೃಶ್ಚಿಕ ರಾಶಿಯ ದಿಕ್ಕಿನಿಂದ ಅನಿರೀಕ್ಷಿತವಾದ ಪ್ರಬಲ ಕ್ಷ-ಕಿರಣ ಸಿಕ್ಕಿತು. ಸೌರವ್ಯೂಹದ ಹೊರಗಿನ ಮೊದಲ ಕ್ಷ-ಕಿರಣ ಆಕರ ಅದು. ಸ್ಕಾರ್ಪಿಯಸ್ ಎಕ್ಸ್-1 ಎಂದು ಹೆಸರಿಟ್ಟರು. ಆದರೆ ಅದು ಯಾವ ನಕ್ಷತ್ರ? ಅಂದಿನ ಉಪಕರಣಗಳು ದಿಕ್ಕನ್ನು ಬಹಳ ಒರಟಾಗಿ ಮಾತ್ರ ತಿಳಿಸುತ್ತಿದ್ದವು. ಊರ ಹೆಸರು ಗೊತ್ತು, ಮನೆ ಗೊತ್ತಿಲ್ಲವೆಂಬಂತಾಗಿತ್ತು.

1960ರ ದಶಕದ ನಡುವೆ ಶ್ರೀಕಂಠನ್ ಅವರು ಅಮೆರಿಕದ ಮಸಾಚುಸೆಟ್ಸ್ ತಂತ್ರಜ್ಞಾನ ಸಂಸ್ಥೆಗೆ ಹೋದಾಗ ರೋಸಿ ಅವರ ಬಳಗದವರು ಈ ಸಮಸ್ಯೆಯಲ್ಲಿಯೇ ಮುಳುಗಿದ್ದರು. ಜಪಾನಿನ ಮಿನೋರು ಓಡ ಅವರು ಒಂದು ಸರಳ ಉಪಾಯವನ್ನು ಕಂಡುಕೊಂಡಿದ್ದರು. ಸಣ್ಣ ತಂತಿಗಳ ಎರಡು ಜಾಲರಿಗಳನ್ನು ಒಂದರ ಹಿಂದೊಂದು ಇಟ್ಟರೆ, ರಾಕೆಟ್ಟು ಮೆಲ್ಲನೆ ಹೊರಳುವಾಗ ಆಕರವು ಒಮ್ಮೆ ಕಾಣಿಸಿ ಒಮ್ಮೆ ಮರೆಯಾಗುತ್ತದೆ. ಈ ಮಿನುಗುವಿಕೆಯಿಂದ ಸ್ಥಾನವನ್ನು ಲೆಕ್ಕ ಹಾಕಬಹುದು. ತುಸು ಬೇರೆ ಅಂತರದ ಇನ್ನೊಂದು ಜೊತೆ ಜಾಲರಿಯನ್ನು ಪಕ್ಕದಲ್ಲಿಟ್ಟರೆ ಲೆಕ್ಕ ಇನ್ನೂ ಸೂಕ್ಷ್ಮವಾಗುತ್ತದೆ. ಪ್ರೌಢಶಾಲೆಯ ಪ್ರಯೋಗಾಲಯದಲ್ಲಿ ವರ್ನಿಯರ್ ಕ್ಯಾಲಿಪರ್ಸ್ ಹಿಡಿದ ಯಾವ ವಿದ್ಯಾರ್ಥಿಗೂ ಈ ತತ್ತ್ವ ತಿಳಿಯುತ್ತದೆ: ಎರಡು ಅಳತೆಪಟ್ಟಿಗಳ ಗೆರೆಗಳು ಎಲ್ಲಿ ಕೂಡುತ್ತವೆಯೋ ಅಲ್ಲಿ ಉತ್ತರ. 1966ರ ಮಾರ್ಚ್ ತಿಂಗಳಲ್ಲಿ ನ್ಯೂ ಮೆಕ್ಸಿಕೊದ ವೈಟ್ ಸ್ಯಾಂಡ್ಸ್‌ನಿಂದ ಹಾರಿದ ರಾಕೆಟ್ಟು ಕೆಲವೇ ನಿಮಿಷ ಮೇಲಿದ್ದು ಇಳಿಯಿತು. ಅಷ್ಟರಲ್ಲಿ ಆಕರದ ಸ್ಥಾನವು ಚಂದ್ರಬಿಂಬದ ಅಗಲದ ಹತ್ತನೆಯ ಒಂದು ಪಾಲಿಗಿಂತಲೂ ಚಿಕ್ಕದಾದ ಎರಡು ಚೌಕಗಳಿಗೆ ಇಳಿದಿತ್ತು. ಆ ಅಳತೆಯ ಪ್ರಬಂಧದಲ್ಲಿ ಜಕೋನಿ, ಓಡ ಮೊದಲಾದವರ ಜೊತೆಗೆ ನಮ್ಮ ನಂಜನಗೂಡಿನವರ ಹೆಸರೂ ಇದೆ. ಬೇಸಿಗೆ ಕಳೆಯುವುದರೊಳಗೆ ಜಪಾನಿನ ಖಗೋಳಜ್ಞರೂ ಅಮೆರಿಕದ ಪಾಲೊಮಾರ್ ವೀಕ್ಷಣಾಲಯದ ಅಲನ್ ಸ್ಯಾಂಡೇಜ್ ಅವರೂ ಆ ಜಾಗದಲ್ಲಿ ಒಂದು ಮಂಕಾದ ನೀಲಿ ನಕ್ಷತ್ರವನ್ನು ಗುರುತಿಸಿದರು.

ಆ ನಕ್ಷತ್ರದ ವಿಚಿತ್ರವನ್ನು ಹೇಳದೆ ಮುಂದುವರಿಯಲಾಗದು. ನಮ್ಮ ಸೂರ್ಯನು ಬೆಳಕಾಗಿ ಸೂಸುವ ಶಕ್ತಿಯ ಹತ್ತು ಲಕ್ಷದಲ್ಲಿ ಒಂದು ಪಾಲಿನಷ್ಟನ್ನು ಕ್ಷ-ಕಿರಣವಾಗಿ ಸೂಸುತ್ತಾನೆ. ಇದರದು ತಲೆಕೆಳಗು: ಬೆಳಕಿಗಿಂತ ಸಾವಿರ ಪಟ್ಟು ಕ್ಷ-ಕಿರಣ! ಇಂದು ನಾವು ತಿಳಿದಿರುವಂತೆ ಅದು ಜೋಡಿ ನಕ್ಷತ್ರ. ಒಂದು ಸಾಧಾರಣವಾದದ್ದು, ಇನ್ನೊಂದು ನ್ಯೂಟ್ರಾನ್ ನಕ್ಷತ್ರ. ಸೂರ್ಯನಿಗಿಂತ ಹೆಚ್ಚು ತೂಕದ ದ್ರವ್ಯವೆಲ್ಲ ಸುಮಾರು 20 ಕಿ.ಮೀ. ಅಡ್ಡಗಲದ ಉಂಡೆಯಾಗಿ ಕುಗ್ಗಿರುತ್ತದೆ; ಆದವಾನಿಯಿಂದ ಎಮ್ಮಿಗನೂರಿಗೆ ಇರುವ ದಾರಿಗಿಂತ ಕಡಿಮೆ. ಜೊತೆಗಾರನಿಂದ ಅದರ ಮೇಲೆ ಬೀಳುವ ಅನಿಲ ಕಾದು ಕ್ಷ-ಕಿರಣ ಚೆಲ್ಲುತ್ತದೆ. ನಮ್ಮ ಪಂಚಾಂಗದ ಲೆಕ್ಕದಲ್ಲಿ ಅದರ ಸ್ಥಾನ ಅನೂರಾಧಾ ನಕ್ಷತ್ರಕ್ಕೆ ತುಸು ಉತ್ತರಕ್ಕಿದೆ. ಅನೂರಾಧೆಯನ್ನು ನಮ್ಮ ರೈತರು ಮಳೆಯ ಹೆಸರಾಗಿ ಬಲ್ಲರು.

ಅಮೆರಿಕದಲ್ಲಿಯೇ ಉಳಿಯಬಹುದಾಗಿದ್ದ ಕಾಲವದು. ಶ್ರೀಕಂಠನ್ ಅವರು ಹಿಂದಿರುಗಿದರು. ಟಾಟಾ ಸಂಸ್ಥೆಯಲ್ಲಿ ಕ್ಷ-ಕಿರಣ ಖಗೋಳ ವಿಜ್ಞಾನದ ತಂಡವನ್ನು ಕಟ್ಟಿದರು. ಭಾರತದಲ್ಲಿ ಆಗ ದೊಡ್ಡ ರಾಕೆಟ್ಟುಗಳಿರಲಿಲ್ಲ. ಇದ್ದದ್ದು ಬಲೂನು. ಭಾಭಾ ಅವರ ಕಾಲದಿಂದಲೇ ಆ ಸಂಸ್ಥೆಯವರು ತೆಳುವಾದ ಪಾಲಿಥೀನ್ ಹಾಳೆಯಿಂದ ಬೃಹತ್ ಬಲೂನುಗಳನ್ನು ತಾವೇ ಹೊಲಿದು, ಹೈದರಾಬಾದಿನಿಂದ ಹಾರಿಬಿಡುವುದನ್ನು ರೂಢಿಸಿಕೊಂಡಿದ್ದರು. ಬಲೂನು 30 ಕಿ.ಮೀ.ಗೂ ಮೇಲೇರಿ, ರಾಕೆಟ್ಟಿನಂತೆ ನಿಮಿಷಗಳ ಕಾಲವಲ್ಲ, ಗಂಟೆಗಳ ಕಾಲ ತೇಲುತ್ತದೆ. ಅಷ್ಟೆತ್ತರದಲ್ಲಿಯೂ ಗಾಳಿ ಸ್ವಲ್ಪ ಉಳಿದಿರುವುದರಿಂದ ಮೃದುವಾದ ಕ್ಷ-ಕಿರಣಗಳು ಸಿಗುವುದಿಲ್ಲ. ಕಠಿಣವಾದವು ಮಾತ್ರ ಸಿಗುತ್ತವೆ. ಆದರೆ ಹೈದರಾಬಾದಿಗೆ ಒಂದು ದೈವದತ್ತ ಅನುಕೂಲವಿದೆ. ಅದು ಭೂಕಾಂತದ ಸಮಭಾಜಕ ವೃತ್ತಕ್ಕೆ ಹತ್ತಿರ. ವಿದ್ಯುದಾವೇಶವುಳ್ಳ ವಿಶ್ವಕಿರಣಗಳಲ್ಲಿ ಕಡಿಮೆ ಶಕ್ತಿಯವನ್ನೆಲ್ಲ ಇಲ್ಲಿ ಭೂಮಿಯ ಕಾಂತಕ್ಷೇತ್ರವೇ ತಿರುಗಿಸಿ ಕಳುಹಿಸಿಬಿಡುತ್ತದೆ. ಆವೇಶವಿಲ್ಲದ ಕ್ಷ-ಕಿರಣಗಳಿಗೆ ತಡೆಯಿಲ್ಲ. ಆದ್ದರಿಂದ ಅಮೆರಿಕದ ಅಥವಾ ಯುರೋಪಿನ ಆಕಾಶಕ್ಕಿಂತ ದಖ್ಖನ್ನಿನ ಆಕಾಶದಲ್ಲಿ ಉಪಕರಣಕ್ಕೆ ಗದ್ದಲ ಕಡಿಮೆ. ಕೋಲಾರದಲ್ಲಿ ಬಂಡೆ ಮಾಡಿದ ಕೆಲಸವನ್ನು ಇಲ್ಲಿ ಕಾಂತಕ್ಷೇತ್ರ ಮಾಡಿತು. ಗಣಿಯ ತಳ, ಬಲೂನಿನ ತುದಿ, ಎರಡೂ ಕಡೆ ಶ್ರೀಕಂಠನ್ ಅವರು ಹುಡುಕಿದ್ದು ಅದೇ ನಿಶ್ಶಬ್ದವನ್ನು ಎಂದು ನಾನು ಅರ್ಥಮಾಡಿಕೊಂಡಿದ್ದೇನೆ.

1968ರ ಏಪ್ರಿಲ್ ತಿಂಗಳಲ್ಲಿ ಹೈದರಾಬಾದಿನಿಂದ ಏರಿದ ಬಲೂನು ಸ್ಕಾರ್ಪಿಯಸ್ ಎಕ್ಸ್-1ರ ಕಠಿಣ ಕ್ಷ-ಕಿರಣಗಳನ್ನು ಅಳೆಯಿತು. ಎರಡು ವರ್ಷದ ಹಿಂದೆ ಹೊರದೇಶದಲ್ಲಿ ಯಾವ ನಕ್ಷತ್ರದ ಮನೆಯನ್ನು ಹುಡುಕಿದ್ದರೋ ಅದೇ ನಕ್ಷತ್ರವನ್ನು ಸ್ವದೇಶದ ಬಲೂನಿನಲ್ಲಿ, ಸ್ವದೇಶದಲ್ಲಿ ಕಟ್ಟಿದ ಉಪಕರಣದಿಂದ ನೋಡಿದರು. ಮುಂದಿನ ವರ್ಷಗಳಲ್ಲಿ ಹಂಸ ರಾಶಿಯ ಸಿಗ್ನಸ್ ಎಕ್ಸ್-1ನ್ನೂ ಈ ತಂಡ ಬಲೂನುಗಳಿಂದ ಅಭ್ಯಸಿಸಿತು. ಕಪ್ಪುಕುಳಿ ಎಂದು ಇಂದು ಮಕ್ಕಳೂ ಹೇಳುವ ಕಾಯಗಳಲ್ಲಿ ಮೊದಲು ಗುರುತಿಸಲ್ಪಟ್ಟದ್ದು ಅದೇ.

ಬಲೂನು ಮೇಲೇರುವುದಷ್ಟೇ ಕಥೆಯಲ್ಲ, ಇಳಿಯುವುದೂ ಇದೆ. ಕೆಲಸ ಮುಗಿದ ಮೇಲೆ ಉಪಕರಣದ ಪೆಟ್ಟಿಗೆಯನ್ನು ಕಳಚಿದರೆ ಅದು ಪ್ಯಾರಾಚೂಟಿನಲ್ಲಿ ಯಾರದೋ ಹೊಲದಲ್ಲಿ ಬಂದು ಕೂರುತ್ತದೆ. ತೆಲಂಗಾಣ, ಆಂಧ್ರ, ಮಹಾರಾಷ್ಟ್ರ, ಉತ್ತರ ಕರ್ನಾಟಕದ ಹಳ್ಳಿಗಳವರು ಎಷ್ಟೋ ಸಲ ಬೆಳಗ್ಗೆ ಎದ್ದು ಹೊಲಕ್ಕೆ ಹೋದರೆ ತೊಗರಿ, ಜೋಳದ ನಡುವೆ ಬಿಳಿಯ ಹಾಳೆ, ತಂತಿ, ಪೆಟ್ಟಿಗೆ! ಇದನ್ನು ಬಿಚ್ಚಬೇಡಿ, ಹತ್ತಿರದ ಪೊಲೀಸ್ ಠಾಣೆಗೆ ಅಥವಾ ಅಂಚೆ ಕಚೇರಿಗೆ ತಿಳಿಸಿ ಎಂಬ ಪ್ರಕಟಣೆಗಳು ಪ್ರಾಂತ ಭಾಷೆಗಳ ಪತ್ರಿಕೆಗಳಲ್ಲಿ ಬರುವುದುಂಟು. ಅಂತರಿಕ್ಷ ವಿಜ್ಞಾನದ ಯಶಸ್ಸು ರೈತನೊಬ್ಬನ ಪ್ರಾಮಾಣಿಕತೆಯನ್ನು ಇಷ್ಟು ನೇರವಾಗಿ ಅವಲಂಬಿಸಿರುವ ಉದಾಹರಣೆ ಬೇರೆ ನನಗೆ ತಿಳಿಯದು. ಪೆಟ್ಟಿಗೆ ಮರಳಿ ಬಂದರೆ ಅದೇ ಉಪಕರಣವನ್ನು ತಿದ್ದಿ ಮತ್ತೆ ಹಾರಿಸಬಹುದು. ಬಡ ದೇಶದ ವಿಜ್ಞಾನ ಬೆಳೆದದ್ದು ಹೀಗೆ.

ಇಲ್ಲಿ ನಮ್ಮ ಸೀಮೆಗೆ ಸಂಬಂಧಿಸಿದ ಒಂದು ಮಾತನ್ನು ಸೇರಿಸಬೇಕು. ಇದೇ ಕಾಲದಲ್ಲಿ ಅಹಮದಾಬಾದಿನ ಭೌತ ಸಂಶೋಧನ ಪ್ರಯೋಗಾಲಯದಲ್ಲಿ ಇನ್ನೊಬ್ಬ ಕನ್ನಡಿಗರು ತುಂಬಾದಿಂದ ರಾಕೆಟ್ಟುಗಳನ್ನು ಹಾರಿಸಿ ಕ್ಷ-ಕಿರಣ ಆಕರಗಳನ್ನು ಅಳೆಯುತ್ತಿದ್ದರು. ಅವರು ಉಡುಪಿಯ ಅದಮಾರಿನ ಯು.ಆರ್. ರಾವ್. ರಾವ್ ಅವರು ಇಂಟರ್‌ಮೀಡಿಯೆಟ್ ಓದಿದ್ದು ಬಳ್ಳಾರಿಯ ವೀರಶೈವ ಕಾಲೇಜಿನಲ್ಲಿ, ಬಿ.ಎಸ್‌ಸಿ. ಓದಿದ್ದು ಅನಂತಪುರದಲ್ಲಿ. ದಕ್ಷಿಣ ಕನ್ನಡ, ಬಳ್ಳಾರಿ, ಅನಂತಪುರ ಎಲ್ಲವೂ ಅಂದು ಮದರಾಸು ಪ್ರಾಂತಕ್ಕೆ ಸೇರಿದ್ದವು. ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಬಳ್ಳಾರಿ ಜಿಲ್ಲೆಯಲ್ಲಿದ್ದವು. 1953ರ ಅಕ್ಟೋಬರ್ 1ರಂದು ಬಳ್ಳಾರಿಯ ಬಹುಭಾಗ ಮೈಸೂರಿಗೆ ಹೋಯಿತು, ನಮ್ಮ ಮೂರು ತಾಲ್ಲೂಕುಗಳು ಆಂಧ್ರಕ್ಕೆ ಬಂದವು. ಗಡಿಗೆರೆ ಬೀಳುವ ಮೊದಲು ಆದವಾನಿಯ ಹುಡುಗರೂ ಉಡುಪಿಯ ಹುಡುಗರೂ ಬಳ್ಳಾರಿಯ ಒಂದೇ ಕಾಲೇಜಿಗೆ ಹೋಗಬಹುದಾಗಿತ್ತು ಎಂಬುದನ್ನು ಇಂದಿನ ಪೀಳಿಗೆಗೆ ನೆನಪಿಸುವುದು ತಪ್ಪಾಗಲಾರದು. 1975ರ ಏಪ್ರಿಲ್ 19ರಂದು ರಾವ್ ಅವರ ನೇತೃತ್ವದಲ್ಲಿ ಸಿದ್ಧವಾದ ಆರ್ಯಭಟ ಉಪಗ್ರಹವು ಸೋವಿಯತ್ ನೆಲದಿಂದ ಮೇಲೇರಿದಾಗ ಅದರೊಳಗೂ ಕ್ಷ-ಕಿರಣ ಉಪಕರಣವಿತ್ತು. ವಿದ್ಯುತ್ ಪೂರೈಕೆಯ ದೋಷದಿಂದ ಐದು ದಿನಗಳೊಳಗೆ ಪ್ರಯೋಗಗಳು ನಿಂತುಹೋದವು. ಅಷ್ಟರಲ್ಲಿಯೇ ಸಿಗ್ನಸ್ ಎಕ್ಸ್-1ರ ಅಳತೆ ಸಿಕ್ಕಿತ್ತು.

ಅದೇ 1975ರಲ್ಲಿ ಶ್ರೀಕಂಠನ್ ಅವರು ಟಾಟಾ ಸಂಸ್ಥೆಯ ನಿರ್ದೇಶಕರಾದರು. 1987ರವರೆಗೆ ಆ ಹುದ್ದೆಯಲ್ಲಿದ್ದರು. ಪುಣೆಯ ಬಳಿಯ ಬೃಹತ್ ರೇಡಿಯೋ ದೂರದರ್ಶಕದ ಯೋಜನೆ ರೂಪುಗೊಂಡದ್ದು ಅವರ ಕಾಲದಲ್ಲಿಯೇ. 1988ರಲ್ಲಿ ಪದ್ಮಭೂಷಣ ಪ್ರಶಸ್ತಿ ಬಂತು. ಅಧಿಕಾರದ ವಿವರಗಳಿಗಿಂತ ಆ ಅವಧಿಯ ಒಂದು ಪ್ರಯೋಗ ನನಗೆ ಹೆಚ್ಚು ಮುಖ್ಯವೆನಿಸುತ್ತದೆ.

ಪರಮಾಣುವಿನ ಬೀಜದಲ್ಲಿರುವ ಪ್ರೋಟಾನ್ ಎಂದಿಗೂ ಅಳಿಯದ ಕಣವೇ, ಅಥವಾ ಅದಕ್ಕೂ ಸಾವಿದೆಯೇ? ಇದೆಯೆಂದು 1970ರ ದಶಕದ ಸಿದ್ಧಾಂತಗಳು ಹೇಳಿದವು. ಆದರೆ ಅದರ ಆಯುಷ್ಯ ವಿಶ್ವದ ವಯಸ್ಸಿಗಿಂತ ಕೋಟಿ ಕೋಟಿ ಪಟ್ಟು. ಅಪಾರ ಸಂಖ್ಯೆಯ ಪ್ರೋಟಾನ್‌ಗಳನ್ನು ಒಂದೆಡೆ ಗುಡ್ಡೆ ಹಾಕಿಕೊಂಡು ಕುಳಿತರೆ ವರ್ಷಕ್ಕೊಂದೆರಡು ಸಾಯುವುದು ಕಂಡೀತು. ಕೋಲಾರದ 2.3 ಕಿ.ಮೀ. ಆಳದಲ್ಲಿ 140 ಟನ್ ತೂಕದ ಕಬ್ಬಿಣದ ಹಾಳೆಗಳ ಉಪಕರಣವನ್ನು ಇಟ್ಟು, ಈ ಪ್ರಶ್ನೆಗಾಗಿಯೇ ನಿರ್ಮಿಸಿದ ಜಗತ್ತಿನ ಮೊದಲ ಪ್ರಯೋಗಗಳಲ್ಲೊಂದನ್ನು ನಡೆಸಿದರು. 1980ರ ದಶಕದ ಆರಂಭದಲ್ಲಿ ಪ್ರೋಟಾನ್ ಅಳಿವಿನಂತೆ ತೋರುವ ಕೆಲವು ಘಟನೆಗಳು ಸಿಕ್ಕಿವೆಯೆಂದು ಪ್ರಕಟಿಸಿದರು. ಜಗತ್ತೇ ಕೋಲಾರದತ್ತ ತಿರುಗಿ ನೋಡಿತು. ಆದರೆ ಜಪಾನಿನ ಕಮಿಯೋಕದಲ್ಲಿ, ಅಮೆರಿಕದ ಉಪ್ಪಿನ ಗಣಿಯೊಂದರಲ್ಲಿ ಸಾವಿರಾರು ಟನ್ ನೀರಿನ ತೊಟ್ಟಿಗಳನ್ನು ಕಟ್ಟಿ ಕಾದವರಿಗೆ ಅಂತಹ ಘಟನೆ ಕಾಣಲಿಲ್ಲ. ಇಂದಿಗೂ ಕಂಡಿಲ್ಲ. ಕೋಲಾರದವರು ಕಂಡದ್ದನ್ನು ನ್ಯೂಟ್ರಿನೋಗಳ ಪರಿಣಾಮವೆಂದೇ ಇಂದು ತಿಳಿಯಲಾಗುತ್ತದೆ. ಎಷ್ಟು ಆಳಕ್ಕೆ ಹೋದರೂ ತಡೆಯಲಾಗದ ಗದ್ದಲವೆಂದರೆ ನ್ಯೂಟ್ರಿನೋ. ಅದನ್ನು ಅಲ್ಲಿಯೇ ಮೊದಲು ಕಂಡವರಿಗೇ ಅದು ಅಡ್ಡ ಬಂದಿತು. ಇದನ್ನು ಸೋಲೆಂದು ಬರೆಯಲು ನನಗೆ ಮನಸ್ಸಿಲ್ಲ. ಅವರು ಕಂಡದ್ದನ್ನು ಕಂಡಂತೆ ಜಗತ್ತಿನ ಮುಂದಿಟ್ಟರು. ದೊಡ್ಡ ಉಪಕರಣದವರು ಪರೀಕ್ಷಿಸಿ ಇಲ್ಲವೆಂದರು. 140 ಟನ್ನಿಗೂ ಸಾವಿರಾರು ಟನ್ನಿಗೂ ಇರುವ ಅಂತರ ಬುದ್ಧಿಯ ಅಂತರವಲ್ಲ, ಹಣದ ಅಂತರ.

ಅಲ್ಲಿಂದಾಚೆಗೆ ಕೋಲಾರದ ಕಥೆ ಇಳಿಮುಖ. ಚಿನ್ನ ಕಡಿಮೆಯಾಗಿ ಗಣಿ ನಷ್ಟಕ್ಕೆ ಸಿಕ್ಕಿತು. 1990ರ ದಶಕದ ಆರಂಭದಲ್ಲಿ ಭೂಗರ್ಭದ ಪ್ರಯೋಗಾಲಯ ಮುಚ್ಚಿತು. 2001ರ ಫೆಬ್ರವರಿ 28ರಂದು ಗಣಿಯೂ ಮುಚ್ಚಿತು. ನೀರು ತುಂಬಿತು. ಪರ್ಯಾಯವಾಗಿ ತಮಿಳುನಾಡಿನ ತೇನಿ ಜಿಲ್ಲೆಯ ಬೆಟ್ಟದೊಳಗೆ ನ್ಯೂಟ್ರಿನೋ ವೀಕ್ಷಣಾಲಯ ಕಟ್ಟಲು 2015ರಲ್ಲಿ ಕೇಂದ್ರ ಸಚಿವ ಸಂಪುಟ ಒಪ್ಪಿಗೆ ಕೊಟ್ಟಿತಾದರೂ ವಿರೋಧ, ವ್ಯಾಜ್ಯಗಳಲ್ಲಿ ಅದು ಮೇಲೇಳಲಿಲ್ಲ. ಜಗತ್ತಿಗೇ ಮೊದಲಾಗಿ ಫಲಿತಾಂಶ ಅಚ್ಚು ಹಾಕಿಸಿದ ದೇಶಕ್ಕೆ ಇಂದು ಅಂತಹದೊಂದು ಆಳವಾದ ಪ್ರಯೋಗಾಲಯವಿಲ್ಲ.

2002ರಲ್ಲಿ ಭೌತವಿಜ್ಞಾನದ ನೊಬೆಲ್ ಪ್ರಶಸ್ತಿಯನ್ನು ಎರಡು ಭಾಗವಾಗಿ ಹಂಚಿದರು. ಒಂದು ಭಾಗ ವಿಶ್ವದಿಂದ ಬರುವ ನ್ಯೂಟ್ರಿನೋಗಳನ್ನು ಗುರುತಿಸಿದ್ದಕ್ಕೆ ರೇಮಂಡ್ ಡೇವಿಸ್ ಮತ್ತು ಕಮಿಯೋಕದ ಮಸತೋಶಿ ಕೊಶಿಬ ಅವರಿಗೆ. ಇನ್ನೊಂದು ಭಾಗ ಕ್ಷ-ಕಿರಣ ಆಕರಗಳನ್ನು ಕಂಡುಹಿಡಿದದ್ದಕ್ಕೆ ಜಕೋನಿ ಅವರಿಗೆ. ಆ ವರ್ಷ ಗೌರವ ಪಡೆದ ಎರಡೂ ಕ್ಷೇತ್ರಗಳ ಆರಂಭದ ದಿನಗಳಲ್ಲಿ ಕೈಯಾರೆ ದುಡಿದವರು ಜಗತ್ತಿನಲ್ಲಿ ಬೆರಳೆಣಿಕೆಯ ಮಂದಿ. ಅವರಲ್ಲೊಬ್ಬರು ಆಗ ಬೆಂಗಳೂರಿನಲ್ಲಿದ್ದರು, ಎಪ್ಪತ್ತೇಳು ವರ್ಷ ವಯಸ್ಸು. ನಮ್ಮ ಪತ್ರಿಕೆಗಳು ಅವರ ಮನೆಯ ಬಾಗಿಲು ತಟ್ಟಿದ್ದರೆ ಕನ್ನಡಕ್ಕೆ ಒಂದು ಒಳ್ಳೆಯ ಸಂದರ್ಶನ ದೊರೆಯುತ್ತಿತ್ತು.

ನಿವೃತ್ತಿಯ ನಂತರ ಅವರು ಬೆಂಗಳೂರಿನ ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯನ್ನು ಸೇರಿದ್ದರು. ಅದನ್ನು ರೂಪಿಸಿದವರು ಇನ್ನೊಬ್ಬ ಕನ್ನಡಿಗರಾದ ರಾಜಾ ರಾಮಣ್ಣ. ಅಲ್ಲಿ ಶ್ರೀಕಂಠನ್ ಅವರ ಗಮನ ಪ್ರಜ್ಞೆಯ ಸ್ವರೂಪದತ್ತ, ಭಾರತೀಯ ದರ್ಶನಗಳತ್ತ ಹರಿಯಿತು. ವಿಶ್ವಕಿರಣಗಳ ಬರಹವನ್ನೂ ಅವರು ಬಿಡಲಿಲ್ಲ.

2015ರ ಸೆಪ್ಟೆಂಬರ್ 28ರಂದು ಶ್ರೀಹರಿಕೋಟದಿಂದ 1,515 ಕೆ.ಜಿ. ತೂಕದ ಆಸ್ಟ್ರೋಸ್ಯಾಟ್ ಮೇಲೇರಿತು. ಖಗೋಳ ವೀಕ್ಷಣೆಗೆಂದೇ ಮೀಸಲಾದ ಭಾರತದ ಮೊದಲ ಉಪಗ್ರಹ ಅದು. ಅದರ ಮುಖ್ಯ ಕ್ಷ-ಕಿರಣ ಉಪಕರಣಗಳು ಸಿದ್ಧವಾದದ್ದು ಟಾಟಾ ಸಂಸ್ಥೆಯಲ್ಲಿ. 1968ರ ಬಲೂನಿನ ತಂಡದಲ್ಲಿ ತರುಣರಾಗಿದ್ದ ಪಿ.ಸಿ. ಅಗ್ರವಾಲ್ ಅವರು ಈ ಉಪಗ್ರಹದ ಹಿಂದಿನ ಪ್ರಮುಖರು. ಅಂದು ಶ್ರೀಕಂಠನ್ ಅವರಿಗೆ ತೊಂಬತ್ತು ತುಂಬಿತ್ತು. ನಾಲ್ಕು ವರ್ಷಗಳ ನಂತರ, 2019ರ ಅಕ್ಟೋಬರ್ 27ರಂದು, ಬೆಂಗಳೂರಿನಲ್ಲಿ ಅವರು ನಿಧನರಾದರು. 2024ರ ಜನವರಿ 1ರಂದು ಎಕ್ಸ್‌ಪೋಸ್ಯಾಟ್ ಎಂಬ ಇನ್ನೊಂದು ಕ್ಷ-ಕಿರಣ ಉಪಗ್ರಹ ಹಾರಿತು. ಅದರ ಮುಖ್ಯ ಉಪಕರಣವನ್ನು ಮಾಡಿದ್ದು ಬೆಂಗಳೂರಿನ ರಾಮನ್ ಸಂಶೋಧನ ಸಂಸ್ಥೆ.